ಐನೂರೈವತ್ತು ಮೀಟರಿನವರೆಗೆ

ಸಹೃದಯ ವಾಚಕ ಮಹಾಶಯರೇ,

ಈ ಬರಹವು ತಮ್ಮ ಕೈಸೇರುವ ಹೊತ್ತಿಗೆ ಧಾರಿಣಿಯ ಓಟ ಮುಗಿದಿರುತ್ತದೆ. ಅದು ಮುಗಿಯುವವರೆಗೆ ಇದನ್ನು ಅಂಚೆಗೆ ಹಾಕಕೂಡದೆಂದು ನಿಶ್ಚಯಿಸಿಕೊಂಡೇ ನಾನು ಲೇಖನಿಯನ್ನು ಕೈಗೆತ್ತಿಕೊಂಡಿದ್ದೇನೆ. ಆಕೆ ಗೆದ್ದಳೋ ಸೋತಳೋ ಎಂಬುದು ತಮಗೆ ತಿಳಿದಿರಬಹುದು. ಬರೆಯುತ್ತಿರುವ ನನಗೆ ತಿಳಿದಿಲ್ಲ. ತಾವು ಪತ್ರಿಕೆಯಲ್ಲಿ ಓದಿರಬಹುದಾದ ಒಂದೇ ಒಂದು ವಾಕ್ಯವನ್ನು ತಿದ್ದುವುದು ನನ್ನ ಉದ್ದೇಶ. ಕಳೆದ ಏಪ್ರಿಲ್ ತಿಂಗಳಲ್ಲಿ ದೆಹಲಿಯ ಕ್ರೀಡಾಂಗಣವೊಂದರಲ್ಲಿ ಮಹಿಳೆಯರ ಎಂಟುನೂರು ಮೀಟರ್ ಆಯ್ಕೆ ಓಟ ನಡೆಯುತ್ತಿದ್ದಾಗ ‘ಅಪರಿಚಿತ ವ್ಯಕ್ತಿಯೊಬ್ಬ ಟ್ರ್ಯಾಕಿಗೆ ನುಗ್ಗಿ ಅಡ್ಡಿಪಡಿಸಿದ’ ಎಂಬುದೇ ಆ ವಾಕ್ಯ. ಆ ವ್ಯಕ್ತಿ ನಾನು. ನಾನು ನುಗ್ಗಲಿಲ್ಲ. ನನ್ನನ್ನು ಕರೆದರು.

ನನ್ನ ಹೆಸರು ಗೋಪಿನಾಥ. ಕಸುಬಿನಿಂದ ನಾನೊಬ್ಬ ಮೊಲ. ನಮ್ಮ ವೃತ್ತಿಗೆ ಓಟದ ಜಗತ್ತು ಕೊಟ್ಟಿರುವ ಹೆಸರೇ ಅದು. ಮಧ್ಯಮ ದೂರದ ಓಟದಲ್ಲಿ ವೇಗ ಬೇಕೆಂದರೆ ಮುಂದೊಬ್ಬ ಓಡಬೇಕು. ಮೊದಲ ಸುತ್ತನ್ನು ಇಷ್ಟೇ ಸೆಕೆಂಡಿನಲ್ಲಿ ಮುಗಿಸಬೇಕೆಂದು ಹೇಳಿದರೆ ಅಷ್ಟೇ ಸೆಕೆಂಡಿನಲ್ಲಿ ಮುಗಿಸಿ, ಗಾಳಿಗೆ ಎದೆಯೊಡ್ಡಿ, ಹಿಂದಿನವರು ನೋಡುವುದಕ್ಕೆ ಒಂದು ಬೆನ್ನನ್ನು ಒದಗಿಸಿ, ಎರಡನೆಯ ಸುತ್ತಿನ ನಡುವೆ ಹುಲ್ಲಿನ ಮೇಲೆ ಸರಿದು ನಿಂತುಬಿಡಬೇಕು. ಎಂಟುನೂರು ಮೀಟರಿನಲ್ಲಿ ನನ್ನ ಪಾಲು ಐನೂರೈವತ್ತು. ಉಳಿದ ಇನ್ನೂರೈವತ್ತರಲ್ಲಿ ಚಪ್ಪಾಳೆ, ಕ್ಯಾಮೆರಾ, ಪದಕ ಎಲ್ಲವೂ ಇರುತ್ತವೆ, ಮೊಲ ಇರುವುದಿಲ್ಲ. ಇದಕ್ಕಾಗಿ ನಾನೆಂದೂ ಕೊರಗಿದವನಲ್ಲ. ಒಂದು ಊರಿನಲ್ಲಿ ಎಂಟು ತಿಂಗಳಿಗಿಂತ ಹೆಚ್ಚು ನಿಲ್ಲಲಾರದ ನನ್ನ ಸ್ವಭಾವಕ್ಕೆ ಕೊನೆಯವರೆಗೆ ಓಡಬೇಕಾಗಿಲ್ಲದ ಕೆಲಸವೇ ಒಪ್ಪುತ್ತಿತ್ತು. ಪುಣೆಯಲ್ಲಿದ್ದೆ, ಪಟಿಯಾಲದಲ್ಲಿದ್ದೆ, ಗುವಾಹಟಿಯಲ್ಲಿ ಒಂದು ಮಳೆಗಾಲ ಕಳೆದೆ. ಚೀಲದಲ್ಲಿ ಎರಡು ಜೊತೆ ಬೂಟು, ಬಸ್ ನಿಲ್ದಾಣಗಳಲ್ಲಿ ಕೊಂಡ, ರಕ್ಷಾಪುಟ ಕಿತ್ತುಹೋದ ನಾಲ್ಕಾರು ಕಾದಂಬರಿಗಳು. ದೆಹಲಿಗೆ ಬಂದಾಗಲೂ ಚಳಿಗಾಲ ಮುಗಿದರೆ ಹೊರಡುವುದೆಂದೇ ಬಂದೆ. ಒಂಬತ್ತು ವರ್ಷ ಉಳಿದೆ. ಕಾರಣ ಧಾರಿಣಿ.

ಧಾರಿಣಿ ರಾಣೆಬೆನ್ನೂರಿನ ಪಶು ಆಸ್ಪತ್ರೆಯ ಕಾಂಪೌಂಡರೊಬ್ಬರ ಮಗಳು. ಶಾಲಾ ಕ್ರೀಡಾಕೂಟದಲ್ಲಿ ನಾನೂರು ಮೀಟರ್ ಓಟ ಮುಗಿದದ್ದು ತಿಳಿಯದೆ ಇನ್ನೊಂದು ಸುತ್ತು ಓಡಿದಳಂತೆ. ನೋಡುತ್ತಿದ್ದ ತಿಪ್ಪೇಸ್ವಾಮಿಯವರು ಗಡಿಯಾರ ಒತ್ತಿಹಿಡಿದು, ಆ ಎರಡನೆಯ ಸುತ್ತಿನ ಕಾಲವನ್ನು ಕಂಡು, ಅಂದೇ ಆಕೆಯ ತಂದೆಯನ್ನು ಹುಡುಕಿಕೊಂಡು ಹೋದರಂತೆ. ಚಿತ್ರದುರ್ಗದ ಕಡೆಯವರಾದ ತಿಪ್ಪೇಸ್ವಾಮಿಯವರು ದೆಹಲಿಯಲ್ಲಿ ತರಬೇತುದಾರರು. ಹತ್ತೊಂಬತ್ತನೆಯ ವಯಸ್ಸಿಗೆ ಧಾರಿಣಿಯನ್ನು ಇಲ್ಲಿಗೆ ಕರೆತಂದರು. ಇಪ್ಪತ್ತೆರಡಕ್ಕೆ ಆಕೆ ರಾಷ್ಟ್ರೀಯ ಚಾಂಪಿಯನ್. ಅನಂತರ ಮೂರು ಸಲ ಅದೇ ಪಟ್ಟ. ಏಷ್ಯಾದ ಕೂಟದಲ್ಲಿ ಒಂದು ಬೆಳ್ಳಿ. ಬಳಿಕ ಹಿಮ್ಮಡಿಯ ನರ ಹರಿದು ಎರಡು ವರ್ಷ ಏನೂ ಇಲ್ಲ. ಊರಿನವರು ಮರೆತರು, ಪತ್ರಿಕೆಯವರು ಮರೆತರು. ಆಕೆ ಮರೆಯಲಿಲ್ಲ. ಹೌಜ್ ಖಾಸ್‌ನ ಪಾರ್ಕಿನಲ್ಲಿ ಕುಂಟುತ್ತ ನಡೆದಳು, ಓಡಿದಳು, ಮತ್ತೆ ಟ್ರ್ಯಾಕಿಗೆ ಬಂದಳು. ಈ ಏಪ್ರಿಲ್‌ಗೆ ಆಕೆಗೆ ಮೂವತ್ತೊಂದು. ಈ ವರ್ಷದ ಏಷ್ಯಾದ ಕೂಟಕ್ಕೆ ಹೋಗದಿದ್ದರೆ ಇನ್ನೊಂದಿಲ್ಲವೆಂಬುದನ್ನು ಯಾರೂ ಬಾಯಿಬಿಟ್ಟು ಹೇಳಬೇಕಾಗಿರಲಿಲ್ಲ.

ತಿಪ್ಪೇಸ್ವಾಮಿಯವರ ಪದ್ಧತಿ ಒಂದೇ: ‘ಬೆನ್ನು ನೋಡು, ಬೇರೇನೂ ನೋಡಬೇಡ.’ ಆ ಬೆನ್ನು ನನ್ನದು. ಆಕೆಯ ಗಾಯದ ಕಾಲವೊಂದನ್ನು ಬಿಟ್ಟರೆ, ವಾರಕ್ಕೆ ಆರು ಮುಂಜಾವು, ಒಂಬತ್ತು ವರ್ಷ, ಘಾಜಿಯಾಬಾದಿನ ನನ್ನ ಕೋಣೆಯಿಂದ ಮೊದಲ ಮೆಟ್ರೋ ಹಿಡಿದು ಬಂದು ನಾನು ಆಕೆಯ ಮುಂದೆ ಓಡಿದೆ. ನನ್ನ ಬಲಭುಜ ಎಡಕ್ಕಿಂತ ಒಂದು ಬೆರಳು ತಗ್ಗಿದೆಯೆಂದು ನನಗೆ ಹೇಳಿದವಳು ಅವಳೇ. ಆಕೆಯ ಮುಖ ನನಗೆ ಅಷ್ಟಾಗಿ ಗೊತ್ತಿರಲಿಲ್ಲ, ಉಸಿರು ಗೊತ್ತಿತ್ತು. ಮೂರನೆಯ ಇನ್ನೂರರಲ್ಲಿ ಉಸಿರಿನ ಲಯ ಕೆಡುವುದು ಕೇಳಿಸಿದರೆ ನಾನು ಕೂದಲೆಳೆಯಷ್ಟು ನಿಧಾನಿಸುತ್ತಿದ್ದೆ, ಮತ್ತೆ ಎಳೆದುಕೊಂಡು ಹೋಗುತ್ತಿದ್ದೆ. ಇದಕ್ಕಿಂತ ಹೆಚ್ಚಿನದೇನನ್ನೂ ನಾನು ಆಕೆಗೆ ಹೇಳಿದವನಲ್ಲ, ಆಕೆಯೂ ಕೇಳಿದವಳಲ್ಲ.

ಆಯ್ಕೆ ಓಟ ಒಂದು ಶನಿವಾರದ ಸಂಜೆ. ಎರಡು ನಿಮಿಷ ಎರಡು ಸೆಕೆಂಡಿನೊಳಗೆ ಮುಗಿಸಿದರೆ ತಂಡದಲ್ಲಿ ಸ್ಥಾನ. ಹೆಸರು ಕಳುಹಿಸಲು ಸೋಮವಾರ ಕೊನೆಯ ದಿನ. ಓಟಕ್ಕೆ ಮೊಲವಾಗಿ ಕಿರಿಯರ ತಂಡದ ಹರ್ಷಿಣಿ ಎಂಬ ಹುಡುಗಿಯನ್ನು ಗೊತ್ತುಮಾಡಿದ್ದರು. ಓಟಕ್ಕೆ ಇಪ್ಪತ್ತು ನಿಮಿಷವಿರುವಾಗ ಮೈಕಾಯಿಸಿಕೊಳ್ಳುತ್ತಿದ್ದ ಆ ಹುಡುಗಿಯ ಕಾಲು ಉಳುಕಿತು. ಕೂಟದ ವ್ಯವಸ್ಥಾಪಕ ಗುಲಾಟಿ, ಓಟಗಾರರಿಗೆ ಎದೆಪಟ್ಟಿ ಹಂಚುವ ಮೇಜಿನ ಹಿಂದೆ ಕುಳಿತು ಚಹಾ ಹೀರುತ್ತಿದ್ದ. ತನ್ನ ಸಹಿಯಿಲ್ಲದ ಒಂದು ಚಿಂದಿಯೂ ಆ ಮೇಜು ದಾಟಬಾರದೆಂಬ ಶಿಸ್ತಿನವನು. ಪ್ರತಿ ಎದೆಪಟ್ಟಿಯ ಹಿಂಭಾಗದಲ್ಲೂ ಹಸಿರು ಶಾಯಿಯಲ್ಲಿ ಗೀಚಿಯೇ ಕೊಡುತ್ತಿದ್ದ.

“ಖರ್ಗೋಶ್ ಇಲ್ಲ ಅಂದ್ರೆ ಓಟ ಹೇಗೆ, ಕೋಚ್ ಸಾಬ್?” ಎಂದ ತಿಪ್ಪೇಸ್ವಾಮಿಯವರನ್ನು ಕುರಿತು. ಅವನ ಹಿಂದಿಯಲ್ಲಿ ನಮ್ಮ ಮೊಲ ಖರ್ಗೋಶ್ ಆಗುತ್ತಿತ್ತು.

ತಿಪ್ಪೇಸ್ವಾಮಿಯವರು ಏನನ್ನೂ ಹೇಳುವ ಮೊದಲು ಅವನ ಕಣ್ಣು ನನ್ನ ಮೇಲೆ ಬಿತ್ತು. “ಅಚ್ಛಾ, ಇವನಿದ್ದಾನಲ್ಲ. ದಿನಾ ಇವನೇ ತಾನೇ ಓಡೋದು? ಚಲೋ, ಹಾಕ್ಕೋ.”

‘ಪೇಸ್’ ಎಂದು ಇಂಗ್ಲಿಷಿನಲ್ಲಿ ಅಚ್ಚಾಗಿದ್ದ ಎದೆಪಟ್ಟಿಗೆ ಹಸಿರು ಶಾಯಿ ಗೀಚಿ ನನ್ನತ್ತ ಎಸೆದ. ನಾನು ಹಿಡಿದುಕೊಂಡೆ. ತಿಪ್ಪೇಸ್ವಾಮಿಯವರು ನಾಲ್ಕು ಪಿನ್ನು ಕೊಟ್ಟರು. ಧಾರಿಣಿ ನನ್ನನ್ನು ನೋಡಿ, “ಐವತ್ತೊಂಬತ್ತೂವರೆ. ಒಂದು ಚೂರೂ ಜಾಸ್ತಿ ಬೇಡ” ಎಂದಳು, ಪ್ರತಿದಿನ ಹೇಳುವ ಹಾಗೆಯೇ.

ವಾಚಕರೇ, ನಮ್ಮ ಪೆದ್ದುತನವನ್ನು ಇಲ್ಲಿ ಗಮನಿಸಬೇಕು. ಮಹಿಳೆಯರ ಎಂಟುನೂರು ಮೀಟರಿನಲ್ಲಿ ಗಂಡಸು ಕಾಲಿಟ್ಟರೆ ಆ ಓಟದ ಕಾಲ ಲೆಕ್ಕಕ್ಕೆ ಬರುವುದಿಲ್ಲ. ಇದು ಕ್ರೀಡೆಯ ಅಕ್ಷರಾಭ್ಯಾಸ. ತಿಪ್ಪೇಸ್ವಾಮಿಯವರಿಗೆ ಗೊತ್ತಿತ್ತು, ಧಾರಿಣಿಗೆ ಗೊತ್ತಿತ್ತು, ನನಗೂ ಗೊತ್ತಿತ್ತು. ಆದರೆ ಒಂಬತ್ತು ವರ್ಷ ದಿನವೂ ನಾನು ಮುಂದೆ, ಆಕೆ ಹಿಂದೆ. ನಾವು ಮೂವರೂ ಕಂಡದ್ದು ಎಂದಿನ ಒಂದು ಮುಂಜಾವನ್ನು. ಮನೆಯಲ್ಲಿ ಹಾಕಿಕೊಳ್ಳುವ ಚಪ್ಪಲಿಯಲ್ಲೇ ಮದುವೆಗೆ ಹೋದವರಂತೆ ನಾವು ಆ ಓಟಕ್ಕೆ ಹೋದೆವು. ನಮ್ಮ ತಪ್ಪು ಅಭ್ಯಾಸಬಲದ್ದು, ಅದನ್ನು ನಾನು ಒಪ್ಪುತ್ತೇನೆ. ಗುಲಾಟಿಯದು ಹಾಗಲ್ಲ. ನಿಯಮ ನೋಡುವುದೇ ಅವನ ಹೊಟ್ಟೆಪಾಡು.

ಓಟ ಚೆನ್ನಾಗಿತ್ತು. ಅದನ್ನು ನೆನೆದರೆ ಇಂದಿಗೂ ಮೈ ಉರಿಯುತ್ತದೆ. ಮೊದಲ ಸುತ್ತು ಐವತ್ತೊಂಬತ್ತೂವರೆ, ಒಂದು ಚೂರೂ ಹೆಚ್ಚಿಲ್ಲ. ಹಿಂದಿನ ನೇರದಲ್ಲಿ ಬಿಸಿಗಾಳಿ ಎದುರಾಯಿತು. ನಾನು ಎದೆ ಅಗಲಿಸಿ ತಡೆದೆ. ಆಕೆಯ ಉಸಿರು ಕೆಡಲೇ ಇಲ್ಲ. ಐನೂರೈವತ್ತಕ್ಕೆ ಸರಿದು ನಿಂತೆ. ಆಕೆ ಬಾಣದ ಹಾಗೆ ದಾಟಿದಳು. ಫಲಕದ ಮೇಲೆ ಎರಡು ನಿಮಿಷ ಒಂದು ಸೆಕೆಂಡು ನಾಲ್ಕು ದಶಾಂಶ ಬೆಳಗಿತು. ಗಾಯವಾದ ಮೇಲೆ ಅಷ್ಟು ವೇಗವಾಗಿ ಆಕೆ ಓಡಿರಲಿಲ್ಲ. ತಿಪ್ಪೇಸ್ವಾಮಿಯವರು ಕನ್ನಡಕ ತೆಗೆದು ಒರೆಸಿಕೊಂಡರು, ಮತ್ತೆ ಹಾಕಿಕೊಂಡರು, ಮತ್ತೆ ತೆಗೆದರು.

ಐದು ನಿಮಿಷದ ಬಳಿಕ ಕೂಟದ ವೀಕ್ಷಕಿ ಮೇಜಿನ ಬಳಿಗೆ ಬಂದರು. ಶ್ರೀಲಕ್ಷ್ಮಿ ಎಂದು ಅವರ ಹೆಸರು, ಹೈದರಾಬಾದಿನವರು, ಮೆಲುದನಿ. “ಮುಂದೆ ಓಡಿದವರು ಯಾರು?” ಎಂದು ಕೇಳಿದರು.

“ಪೇಸ್‌ಮೇಕರ್, ಮೇಡಂ” ಎಂದ ಗುಲಾಟಿ.

“ಅವರು ಪುರುಷರು” ಎಂದರು ಅವರು. ಅಷ್ಟೇ.

ಆಗ ಗುಲಾಟಿಯ ಮುಖದಲ್ಲಿ ಆದ ಬದಲಾವಣೆಯನ್ನು ನಾನು ಸಾಯುವವರೆಗೂ ಮರೆಯಲಾರೆ. ಮೊದಲು ಬೆವರು. ಆಮೇಲೆ, ಹೊಸ ಅಂಗಿ ತೊಟ್ಟವನಂತೆ, ಒಂದು ಗಾಂಭೀರ್ಯ. “ಯಾರಿವನು? ಇವನನ್ನು ಒಳಗೆ ಬಿಟ್ಟವರು ಯಾರು?” ಎಂದ, ನನ್ನನ್ನು ತೋರಿಸಿ.

ಕಾಲು ಗಂಟೆಯ ಬಳಿಕ ಅವನ ಕೋಣೆಯಲ್ಲಿ ಅವನು, ತಿಪ್ಪೇಸ್ವಾಮಿಯವರು, ನಾನು, ಮೂವರೇ ಇದ್ದೆವು. ಕೂಲರು ಸದ್ದು ಮಾಡುತ್ತಿತ್ತು, ಗಾಳಿಯೆಲ್ಲ ಅವನ ಕಡೆಗೇ ಬೀಸುತ್ತಿತ್ತು.

“ನೋಡಿ ಕೋಚ್ ಸಾಬ್” ಎಂದ. “ವ್ಯವಸ್ಥಾಪಕರೇ ತಪ್ಪು ಮಾಡಿದ್ರು ಅಂತಾದ್ರೆ ಓಟ ರದ್ದು, ಮಾತು ಮುಗೀತು, ಮರು ಓಟ ಇಲ್ಲ. ಸೋಮವಾರ ಕಾಗದ ಹೋಗುತ್ತೆ, ನಿಮ್ಮ ಹುಡುಗಿ ಹೆಸರು ಅದರಲ್ಲಿರಲ್ಲ. ಆದರೆ ಹೊರಗಿನವನೊಬ್ಬ ಟ್ರ್ಯಾಕಿಗೆ ನುಗ್ಗಿ ಅಡ್ಡಿಪಡಿಸಿದ ಅಂತಿಟ್ಕೊಳ್ಳಿ. ಅಡ್ಡಿಗೆ ಒಳಗಾದ ಓಟಗಾರ್ತಿಗೆ ಮರು ಓಟ ಕೊಡೋದಕ್ಕೆ ನಿಯಮ ಇದೆ. ನಾಳೆ ಬೆಳಗ್ಗೆ ಏಳಕ್ಕೆ. ವೀಕ್ಷಕಿ ಮೇಡಮ್ಮೂ ಊರಲ್ಲೇ ಇರ್ತಾರೆ.”

ತಿಪ್ಪೇಸ್ವಾಮಿಯವರು ನೆಲ ನೋಡುತ್ತ ಕುಳಿತಿದ್ದರು. ನಾನು ಕೇಳಿದೆ: “ನಾನು ಅಡ್ಡಿಪಡಿಸಿದೆ ಅಂತ ಬರೆದುಕೊಡಬೇಕಾ?”

“ಎರಡು ಸಾಲು. ಸಹಿ.”

“ಅವಳು ಎರಡು ವರ್ಷದಲ್ಲಿ ಓಡದಷ್ಟು ಜೋರಾಗಿ ಓಡಿದಾಳೆ. ಅಡ್ಡಿ ಅಂದ್ರೆ ಇದಾ ಸಾಹೇಬ್ರೆ?”

“ಭಾಷೆ ಅದು, ಭಾಯಿ. ನಿಂಗೇನು ನಷ್ಟ? ಇನ್ನು ಮೇಲೆ ಯಾವ ಟ್ರ್ಯಾಕಿಗೂ ಬಿಡಲ್ಲ ಅಂತ ಒಂದು ಆದೇಶ ಆಗುತ್ತೆ. ನೀನು ಇಲ್ಲಿ ನೌಕರಿಯಲ್ಲಿದೀಯಾ? ಇಲ್ಲ. ಪಟ್ಟಿಯಲ್ಲಿದೀಯಾ? ಇಲ್ಲ. ನೀನು ಇದ್ದೆ ಅನ್ನೋದಕ್ಕೇ ಎಲ್ಲೂ ದಾಖಲೆ ಇಲ್ಲ.”

ದಾಖಲೆ ನನ್ನ ಎದೆಯ ಮೇಲೆ ನಾಲ್ಕು ಪಿನ್ನುಗಳಲ್ಲಿ ನಿಂತಿತ್ತು. ಬೆವರಿಗೆ ಮೈಗಂಟಿಕೊಂಡಿದ್ದ ಅದನ್ನು ಅವನು ಮರೆತಿದ್ದ. ಒಂದು ಕ್ಷಣ ಅದನ್ನು ಕಿತ್ತು ಹಸಿರು ಶಾಯಿಯ ಕಡೆ ಮೇಲೆ ಮಾಡಿ ಅವನ ಚಹಾದ ಲೋಟದ ಮೇಲೆ ಹಾಸಬೇಕೆನ್ನಿಸಿತು. ಹಾಸಿದರೆ ಏನಾಗುತ್ತದೆಂಬುದು ಅಷ್ಟೇ ಸ್ಪಷ್ಟವಾಗಿತ್ತು: ವ್ಯವಸ್ಥಾಪಕರ ತಪ್ಪು ರುಜುವಾಗುತ್ತದೆ, ಧಾರಿಣಿಗೆ ಮರು ಓಟವಿಲ್ಲ. ನನ್ನ ನಿಜ ಉಳಿದರೆ ಆಕೆಯ ಓಟ ಉಳಿಯುವುದಿಲ್ಲ. ಇಷ್ಟು ಅಚ್ಚುಕಟ್ಟಾದ ಬಲೆಯನ್ನು ಬುದ್ಧಿವಂತನೊಬ್ಬ ಹೆಣೆದಿದ್ದರೆ ಮೆಚ್ಚಬಹುದಿತ್ತು. ಇದು ಒಬ್ಬ ಸೋಮಾರಿಯ ಬೆವರಿನಿಂದ ತಾನಾಗಿ ಹುಟ್ಟಿತ್ತು.

“ಲೇ ಗೋಪಿ” ಎಂದರು ತಿಪ್ಪೇಸ್ವಾಮಿಯವರು, ತಲೆಯೆತ್ತದೆ. “ಬರಿ ಅಂತ ನಾನು ಹೇಳಲ್ಲ. ನನ್ನ ಬಾಯಲ್ಲಿ ಅದು ಬರಲ್ಲ.”

“ಬೇಡ ಅಂತಾನೂ ಹೇಳಲ್ವಲ್ಲ ಸಾರ್.”

ನಾನು ಬರೆದುಕೊಟ್ಟೆ. ‘ಅಡ್ಡಿ’ ಎಂಬ ಪದವನ್ನು ನನ್ನ ಕೈಯಿಂದಲೇ ಬರೆದೆ. ಒಂಬತ್ತು ವರ್ಷದ ನನ್ನ ದುಡಿಮೆಗೆ ಲೋಕದಲ್ಲಿ ಉಳಿದ ಏಕೈಕ ಲಿಖಿತ ಪ್ರಮಾಣ ಅದು.

ಧಾರಿಣಿ ಹುಲ್ಲಿನ ಮೇಲೆ ಕುಳಿತು ಹಿಮ್ಮಡಿಗೆ ಮಂಜುಗಡ್ಡೆ ಒತ್ತಿಕೊಂಡಿದ್ದಳು. ಹೋಗಿ ಹೇಳಿದೆ. ಆಕೆ ಮಂಜುಗಡ್ಡೆಯ ಚೀಲ ಬಿಸಾಡಿ ಎದ್ದಳು. “ಎಲ್ಲಿ ಅವನು?”

“ಕೂತ್ಕೋ. ನಾಳೆ ಏಳಕ್ಕೆ ಓಡಬೇಕು ನೀನು.”

“ನೀನು ಸಹಿ ಹಾಕಿದ್ಯಾ? ನನ್ನನ್ನು ಒಂದು ಮಾತು ಕೇಳದೆ?”

“ಕೇಳಿದ್ರೆ ಬೇಡ ಅಂತಿದ್ದೆ. ಆಮೇಲೆ ಜೀವಮಾನ ಪೂರ್ತಿ ನನ್ನನ್ನ ಬೈತಿದ್ದೆ. ನೋಡು, ಯಾರು ಏನೇ ಕೇಳಲಿ, ನೀನು ಬಾಯಿ ಬಿಡಬೇಡ. ಎಲ್ಲಿಯೂ. ಯಾವತ್ತೂ.”

ಆಕೆ ನನ್ನನ್ನೇ ನೋಡಿದಳು. “ನಾಳೆ ಮುಂದೆ ಯಾರು ಓಡ್ತಾರೆ?”

“ಯಾರೂ ಇಲ್ಲ.”

ಆಕೆಯ ಮುಖ ಬಿಳಿಚಿಕೊಂಡಿತು. ಹನ್ನೆರಡು ವರ್ಷದ ವೃತ್ತಿಯಲ್ಲಿ ಧಾರಿಣಿ ಒಮ್ಮೆಯೂ ಮುಂದೆ ಓಡಿ ಗೆದ್ದವಳಲ್ಲ. ಆ ಬೆಳ್ಳಿಯ ಪದಕವೂ ಹಾಗೆಯೇ ಬಂದದ್ದು: ಮುಂದಿದ್ದವಳು ನಿಧಾನಿಸಿದಾಗ ಇವಳೂ ಆ ಬೆನ್ನನ್ನೇ ನೋಡುತ್ತ ನಿಧಾನಿಸಿದ್ದಳು.

ಭಾನುವಾರ ಬೆಳಿಗ್ಗೆ ಕ್ರೀಡಾಂಗಣದ ಕಾವಲುಗಾರ ನನ್ನ ಮುಖ ನೋಡಿ ಕೈ ಅಡ್ಡ ಹಿಡಿದ. ವರ್ಷಗಟ್ಟಲೆ ನನ್ನೊಡನೆ ಬೀಡಿ ಹಂಚಿಕೊಂಡವನು. “ಆರ್ಡರ್ ಇದೆ ಭಯ್ಯಾ” ಎಂದ, ನಾಚಿಕೊಂಡು. ಕ್ರೀಡಾಂಗಣದ ಹಿಂದಿನ ಮೇಲ್ಸೇತುವೆಯ ಪಾದಚಾರಿ ಪಟ್ಟಿಯಿಂದ ಟ್ರ್ಯಾಕಿನ ಹಿಂದಿನ ನೇರ ಮಾತ್ರ ಕಾಣುತ್ತದೆ. ಉಳಿದದ್ದನ್ನು ಗ್ಯಾಲರಿ ಮುಚ್ಚುತ್ತದೆ. ಅಲ್ಲಿ ಹೋಗಿ ನಿಂತೆ. ತಿಪ್ಪೇಸ್ವಾಮಿಯವರೊಂದಿಗೆ ಒಪ್ಪಂದವಾಗಿತ್ತು: ಸೋತರೆ ಒಂದು ಮಿಸ್ಡ್ ಕಾಲ್, ಗೆದ್ದರೆ ಎರಡು. ಮಾತಾಡುವುದು ಬೇಡ, ಅವರ ಪಕ್ಕದಲ್ಲೇ ಗುಲಾಟಿ ಇರುತ್ತಾನೆ.

ಏಳು ಗಂಟೆ ಎರಡು ನಿಮಿಷಕ್ಕೆ ತುಪಾಕಿಯ ಸದ್ದು ಕೇಳಿತು. ಆಕೆ ಹಿಂದಿನ ನೇರಕ್ಕೆ ಬಂದಳು. ಮುಂದೆ ಯಾರೂ ಇಲ್ಲ, ಉಳಿದಿಬ್ಬರು ಓಟಗಾರ್ತಿಯರು ಐದು ಗಜ ಹಿಂದೆ. ಕತ್ತು ಬಿಗಿಹಿಡಿದಿದ್ದಳು. ಎಡಕ್ಕೆ ಬಲಕ್ಕೆ ಕಣ್ಣು ಹಾಯಿಸುತ್ತ, ಕತ್ತಲಲ್ಲಿ ಮೆಟ್ಟಿಲಿಳಿಯುವವಳ ಹಾಗೆ ಓಡುತ್ತಿದ್ದಳು. ತಿರುವಿನಲ್ಲಿ ಮರೆಯಾದಳು. ನನ್ನ ಬೆನ್ನ ಹಿಂದೆ ಬಸ್ಸುಗಳು ಹಾರ್ನು ಹೊಡೆಯುತ್ತಿದ್ದವು. ಗಡಿಯಾರ ನೋಡುತ್ತಿದ್ದೆ. ಎರಡನೆಯ ಸಲ ಕಾಣಿಸಿಕೊಂಡಾಗ ಆಕೆ ಬೇರೆಯಾಗಿದ್ದಳು. ಕತ್ತು ಸಡಿಲವಾಗಿತ್ತು. ಐನೂರು ಮೀಟರಿಗೆ ಒಂದು ನಿಮಿಷ ಹದಿನೈದು. ಐನೂರೈವತ್ತು ಬಂತು. ನಾನು ಸರಿದು ನಿಲ್ಲುವ ಜಾಗ. ಆ ಜಾಗದಲ್ಲಿ ಯಾರೂ ಸರಿಯಲಿಲ್ಲ, ಆಕೆ ಏನನ್ನೂ ದಾಟಲಿಲ್ಲ, ಓಡುತ್ತ ಹೋದಳು. ಗ್ಯಾಲರಿ ಆಕೆಯನ್ನು ನುಂಗಿತು.

ಫೋನು ಒಮ್ಮೆ ಬಡಿದುಕೊಂಡು ನಿಂತಿತು. ನಾನು ಕಬ್ಬಿಣದ ಸರಳನ್ನು ಹಿಡಿದುಕೊಂಡೆ. ಎಷ್ಟು ಹೊತ್ತೆಂದು ಹೇಳಲಾರೆ, ಒಂದು ಬಸ್ಸು ಹಾದುಹೋಗುವಷ್ಟು ಹೊತ್ತು. ಎರಡನೆಯ ಸಲ ಬಡಿದುಕೊಂಡಿತು. ಎರಡು ನಿಮಿಷ ಒಂದು ಸೆಕೆಂಡು ಎಂಟು ದಶಾಂಶ ಎಂದು ಆಮೇಲೆ ತಿಳಿಯಿತು.

ಆ ಮಾತಿಗೆ ಅಲ್ಲೇ ಮುಕ್ತಾಯವಿದ್ದಿದ್ದರೆ ನಾನು ಈ ಕಾಗದ ಕೆಡಿಸುತ್ತಿರಲಿಲ್ಲ.

ಮೂರು ವಾರದ ಬಳಿಕ ದೆಹಲಿಯ ಪೀತಂಪುರಾದಲ್ಲಿ ಕನ್ನಡಿಗರ ಗೆಳೆಯರ ಬಳಗವೊಂದು ಧಾರಿಣಿಗೆ ಸನ್ಮಾನ ಏರ್ಪಡಿಸಿತು. ಅಪಾರ್ಟ್‌ಮೆಂಟಿನ ಸಮುದಾಯ ಭವನ, ನೂರಿಪ್ಪತ್ತು ಕುರ್ಚಿ, ಮೈಸೂರು ಪೇಟ, ಶಾಲು, ಹಣ್ಣಿನ ಬುಟ್ಟಿ. ಮುಖ್ಯ ಅತಿಥಿ ಗುಲಾಟಿ. ನಾನು ಹಿಂದಿನ ಸಾಲಿನಲ್ಲಿ, ತಟ್ಟೆಗಳನ್ನು ಜೋಡಿಸಿಟ್ಟಿದ್ದ ಮೇಜಿನ ಬಳಿ ಕುಳಿತೆ. ಪಕ್ಕದಲ್ಲಿ ಶಾಂತಮ್ಮನವರೆಂಬ ನಿವೃತ್ತ ಶಿಕ್ಷಕಿ ಕೇಸರಿಬಾತು ಬಡಿಸುವ ಮೇಲ್ವಿಚಾರಣೆಯಲ್ಲಿದ್ದರು.

ಗುಲಾಟಿ ಮಾತಿಗೆ ನಿಂತ. ಮೂರು ವಾರದಲ್ಲಿ ಕಥೆ ಬೆಳೆದಿತ್ತು. ಈಗ ನಾನು ಕುಡಿದಿದ್ದೆ. ಬೇಲಿ ಹಾರಿ ಬಂದಿದ್ದೆ. “ಪಾಪ, ಅವನಿಗೆ ಮೆಟ್ರೋ ತಪ್ಪಿಹೋಗುತ್ತೆ ಅಂತ ಅವಸರವಿತ್ತೋ ಏನೋ” ಎಂದ, ಸಭೆ ನಕ್ಕಿತು. “ಆದರೆ ನಾನು ಕೂಡಲೇ ಗುರುತಿಸಿದೆ. ರಾತ್ರೋರಾತ್ರಿ ಮರು ಓಟದ ವ್ಯವಸ್ಥೆ ಮಾಡಿಸಿದೆ. ಇಲ್ಲದಿದ್ದರೆ ನಿಮ್ಮ ಕರ್ನಾಟಕದ ಈ ಮಗಳು ಇವತ್ತು ಇಲ್ಲಿ ನಿಂತಿರುತ್ತಿರಲಿಲ್ಲ.” ಚಪ್ಪಾಳೆ.

ಶಾಂತಮ್ಮನವರು ನನ್ನ ಕಡೆ ಬಾಗಿದರು. “ಯಾರಂತಪ್ಪ ಆ ಮುಠ್ಠಾಳ? ಹೆಣ್ಣುಮಕ್ಕಳು ಓಡೋ ಕಡೆ ನುಗ್ತಾನೆ ಅಂದ್ರೆ.”

“ಗೊತ್ತಿಲ್ಲಮ್ಮ.”

“ಕೈಗೆ ಸಿಕ್ಕಿದ್ರೆ ಈ ಸೌಟಲ್ಲೇ ಎರಡು ಬಿಡ್ತಿದ್ದೆ.”

“ಬಿಡಬೇಕಾದ್ದೇ” ಎಂದೆ.

“ಇನ್ನೊಂದು ಚೂರು ಹಾಕ್ಕೊಳ್ಳಿ. ಏನೂ ತಿಂದೇ ಇಲ್ಲ ನೀವು.” ನನ್ನ ತಟ್ಟೆಗೆ ಆ ಸೌಟಿನಲ್ಲೇ ಬಡಿಸಿದರು.

ಬಳಿಕ ಧಾರಿಣಿ ಮಾತಾಡಿದಳು. ತಂದೆತಾಯಿಗೆ ನಮಸ್ಕಾರ, ತಿಪ್ಪೇಸ್ವಾಮಿ ಸರ್‌ಗೆ ನಮಸ್ಕಾರ, ಸಂಘಟಕರಿಗೆ ಕೃತಜ್ಞತೆ, ಬಳಗಕ್ಕೆ ಕೃತಜ್ಞತೆ. ದನಿ ನಡುಗಲಿಲ್ಲ. ವೇದಿಕೆಯ ಮೇಲೆ ತಿಪ್ಪೇಸ್ವಾಮಿಯವರು ಕನ್ನಡಕ ತೆಗೆದು ಒರೆಸುತ್ತಿದ್ದರು. ನಾನು ತಟ್ಟೆಯನ್ನು ಮೇಜಿನ ಮೇಲಿಟ್ಟು ಹೊರಗೆ ಬಂದೆ.

ಕೈತೊಳೆಯುವ ನಲ್ಲಿಗಳ ಬಳಿ ಆಕೆ ಬಂದು ಹಿಡಿದಳು. ಪೇಟ ಕೈಯಲ್ಲಿತ್ತು, ಹಾರ ಕತ್ತಿನಲ್ಲೇ ಇತ್ತು.

“ಹೇಳದೆ ಹೊರಟ್ಯಾ?”

“ಒಳಗೆ ಎಲ್ಲ ಹೇಳಿದ್ರಲ್ಲ. ನಂದೇನು ಉಳೀತು?”

“ನೀನೇ ಅಂದಿದ್ದೆ. ಬಾಯಿ ಬಿಡಬೇಡ, ಎಲ್ಲಿಯೂ, ಯಾವತ್ತೂ ಅಂತ.”

“ಅಂದಿದ್ದೆ.”

“ಮತ್ತೆ?”

“ನೀನು ಇಷ್ಟು ಸಲೀಸಾಗಿ ಮಾತು ಕೇಳ್ತೀಯ ಅಂದ್ಕೊಂಡಿರಲಿಲ್ಲ. ಕುಡಿದಿದ್ದ ಅಂದ್ನಲ್ಲ, ಆಗ ನೀನು ನೆಲ ನೋಡಬಹುದಿತ್ತು. ಅಷ್ಟೂ ಮಾಡ್ಲಿಲ್ಲ. ನಗ್ತಾ ನಿಂತಿದ್ದೆ.”

ಆಕೆಯ ದವಡೆ ಬಿಗಿಯಿತು. “ತಂಡದ ಪಟ್ಟೀಲಿ ಹೆಸರು ಬದಲಾಯಿಸೋ ಹಕ್ಕು ಅವರಿಗೆ ಇನ್ನೂ ಒಂಬತ್ತು ದಿನ ಇದೆ ಗೋಪಿ. ಆದ್ರೂ ಹೇಳು. ಈಗಲೇ ಹೋಗ್ತೀನಿ. ಮೈಕ್ ಇನ್ನೂ ಆನ್ ಇದೆ. ಕುಡಿದೋನಲ್ಲ, ಕರೆದಿದ್ದು ಇವನೇ ಅಂತೀನಿ. ಹೇಳಲಾ?”

ತಿರುಗಿದಳು. ಎರಡು ಹೆಜ್ಜೆ ಹಾಕಿಯೂ ಬಿಟ್ಟಳು. ಧಾರಿಣಿ ಸುಮ್ಮನೆ ಹೆಜ್ಜೆ ಹಾಕುವವಳಲ್ಲ. ಆ ಎರಡು ಹೆಜ್ಜೆಯಲ್ಲಿ ನನ್ನ ಹೊಟ್ಟೆಯ ಉರಿ ಆರಬೇಕಿತ್ತು, ಇಮ್ಮಡಿಯಾಯಿತು. ಮತ್ತೊಮ್ಮೆ ನಾನೇ ಬೇಡವೆನ್ನಬೇಕಲ್ಲ. ಸಹಿ ಹಾಕಿದವನೂ ನಾನೇ, ಅದನ್ನು ದಿನದಿನವೂ ಕಾಯಬೇಕಾದವನೂ ನಾನೇ.

“ಬೇಡ” ಎಂದೆ. “ನಿಲ್ಲು.”

ನಿಂತಳು. ಬೆನ್ನು ನನ್ನ ಕಡೆಗಿತ್ತು. ಒಂಬತ್ತು ವರ್ಷದಲ್ಲಿ ಆಕೆಯ ಬೆನ್ನನ್ನು ನಾನು ಇಷ್ಟು ಹತ್ತಿರದಿಂದ ನೋಡಿದ್ದಿಲ್ಲ. ತಿರುಗದೆಯೇ ಮಾತಾಡಿದಳು.

“ಇನ್ನೊಂದು ಹೇಳ್ತೀನಿ, ಕೋಪ ಮಾಡ್ಕೋ, ಪರವಾಗಿಲ್ಲ. ಆವತ್ತು ಮೊದಲ ಸುತ್ತಲ್ಲಿ ಸತ್ತೇ ಹೋಗ್ತೀನಿ ಅನ್ನಿಸ್ತು. ಮುಂದೆ ಬರೀ ಬಯಲು. ಆಮೇಲೆ ಎರಡನೇ ಸುತ್ತಲ್ಲಿ ಗೊತ್ತಾಯ್ತು, ಹಿಂಗೂ ಓಡಬಹುದು ಅಂತ. ಇಪ್ಪತ್ತೆರಡಕ್ಕೇ ಓಡಬಹುದಿತ್ತು. ಸರ್ ನಂಗೆ ಒಂದು ಬೆನ್ನು ಕೊಟ್ರು, ನೀನು ದಿನಾ ಬಂದು ಅದನ್ನ ನಿಲ್ಲಿಸ್ದೆ. ನಾನೂ ನೋಡ್ತಾ ಕೂತೆ. ಆ ಬೆಳ್ಳಿ ಚಿನ್ನ ಆಗಬೇಕಿತ್ತು ಗೋಪಿ.”

ಗುಲಾಟಿ ಬರೆಸಿದ ಸುಳ್ಳಿನ ಹೊಟ್ಟೆಯಲ್ಲಿ ಅವನಿಗೇ ತಿಳಿಯದ ಒಂದು ನಿಜ ಸೇರಿಕೊಂಡಿತ್ತು. ಅದನ್ನು ಅವನ ಬಾಯಿಂದ ಕೇಳಿದ್ದರೆ ಹೊಡೆಯಬಹುದಿತ್ತು.

“ಕೂಟ ಆದ್ಮೇಲೆ ಏನು ಬೇಕಾದ್ರೂ ಬರಿ” ಎಂದಳು. “ನಾನು ಇಲ್ಲ ಅನ್ನಲ್ಲ. ಬರೀಬೇಕು ನೀನು.”

“ನೀನು ಅಲ್ಲಿ ಮುಂದೆ ಓಡ್ತೀಯಾ?”

“ಮುಂದೆಯೇ.”

ಒಳಗಿನಿಂದ ಯಾರೋ ಫೋಟೋಕ್ಕೆ ಕರೆದರು. ಪೇಟವನ್ನು ತಲೆಗಿಟ್ಟುಕೊಂಡು ಒಳಗೆ ಹೋದಳು. ಒಂದು ಚೂರು ಓರೆಯಾಗಿತ್ತು. ಹೇಳುವಷ್ಟರಲ್ಲಿ ಬಾಗಿಲು ದಾಟಿದ್ದಳು.

ಆ ಒಂಬತ್ತು ದಿನಗಳನ್ನು ನಾನು ಘಾಜಿಯಾಬಾದಿನ ಕೋಣೆಯಲ್ಲಿ ಕಳೆದೆ. ಪಟ್ಟಿ ಬದಲಾಗಲಿಲ್ಲ. ಹತ್ತನೆಯ ದಿನ ಬೆಳಿಗ್ಗೆ ಮನೆಯೊಡತಿಗೆ ಬೀಗದಕೈ ಒಪ್ಪಿಸಿದೆ. “ಒಂಬತ್ತು ವರ್ಷ ಇದ್ರಿ, ಕೂಲರ್ ಕೂಡ ಕೊಳ್ಳಲಿಲ್ಲ” ಎಂದಳು ಆಕೆ. ಹೊರಲಾಗದ್ದನ್ನು ಕೊಳ್ಳುವ ಅಭ್ಯಾಸ ನನಗಿಲ್ಲ. ಚೀಲಕ್ಕೆ ಎರಡು ಅಂಗಿ, ಒಂದು ಜೊತೆ ಬೂಟು, ಮೂರು ಕಾದಂಬರಿ ಹಾಕಿದೆ. ಮುಳ್ಳಿನ ಬೂಟುಗಳನ್ನು ಕ್ರೀಡಾಂಗಣದ ಕಾವಲುಗಾರನಿಗೆ ಕೊಟ್ಟುಬಂದಿದ್ದೆ. ಅವನ ಅಳತೆಯದಲ್ಲ, ಆದರೂ ಇಸಿದುಕೊಂಡ. ಎದೆಪಟ್ಟಿಯನ್ನು ಮಾತ್ರ ಒಂದು ಪುಸ್ತಕದ ನಡುವೆ ಮಡಚದೆ ಇಟ್ಟಿದ್ದೇನೆ. ಬೆವರಿಗೆ ಅಕ್ಷರ ಮಾಸಿದೆ, ಹಿಂಬದಿಯ ಹಸಿರು ಶಾಯಿ ಮಾಸಿಲ್ಲ. ಈ ಬರಹವನ್ನು ಅಂಚೆಗೆ ಹಾಕುವ ದಿನ ಅದರ ಛಾಯಾಪ್ರತಿಯೂ ಜೊತೆಗೆ ಹೋಗುತ್ತದೆ. ಗುಲಾಟಿ ಅದು ತನ್ನ ಸಹಿಯಲ್ಲವೆನ್ನಲಿ. ಆ ಊರಿನಲ್ಲಿ ಅವನ ಹಸಿರು ಗೀಚು ಇಲ್ಲದ ಕಾಗದವೇ ಇಲ್ಲ.

ಯಾವ ಟ್ರ್ಯಾಕಿಗೂ ನನ್ನನ್ನು ಬಿಡಬಾರದೆಂಬ ಆದೇಶವಿದೆ. ರಸ್ತೆಗೆ ಆದೇಶವಿಲ್ಲ. ಘಾಜಿಯಾಬಾದ್ ನಿಲ್ದಾಣದ ಮೂರನೆಯ ಪ್ಲಾಟ್‌ಫಾರ್ಮಿನ ಬೆಂಚಿನ ಮೇಲೆ ಈ ಕೊನೆಯ ಸಾಲುಗಳನ್ನು ಬರೆಯುತ್ತಿದ್ದೇನೆ. ಪೂರ್ವಕ್ಕೆ ಹೋಗುವ ಗಾಡಿ ಇಪ್ಪತ್ತು ನಿಮಿಷ ತಡವೆಂದಿದ್ದರು. ಈಗ ಅದರ ಕೂಗು ಕೇಳಿಸುತ್ತಿದೆ. ಕಾಗದಗಳನ್ನು ಪುಸ್ತಕದೊಳಗೆ ಸೇರಿಸಿ, ಚೀಲದ ಬಾಯಿ ಕಟ್ಟಿ, ಬಲಭುಜಕ್ಕೆ ಏರಿಸಿಕೊಳ್ಳುತ್ತೇನೆ, ತಗ್ಗಿರುವ ಭುಜಕ್ಕೇ. ಜನರಲ್ ಬೋಗಿ ತೀರ ಮುಂದೆ ಇರುತ್ತದೆ. ಓಡಬೇಕು.